ಗಂಟೆಗೊಂದು ದಿನ

ಮಾರ್ಚ್ 4, ಮಂಗಳವಾರ

ಇವತ್ತು ನನ್ನ ಹೊಲಿಗೆ ಅಂಗಡಿಗೆ ಏಳು ಪ್ಯಾಂಟು. ಏಳಕ್ಕೂ ಸೊಂಟ ಸಡಿಲಿಸಬೇಕಂತೆ. ದಪ್ಪಗಾಗಿದ್ದೇನೆ ಎಂದು ಒಬ್ಬರ ಬಾಯಲ್ಲಾದರೂ ಬಂದರೆ ಕೇಳಿ. ಒಗೆದು ಒಗೆದು ಬಟ್ಟೆ ಕುಗ್ಗಿತಂತೆ! ಆಯಿತಪ್ಪ, ಕುಗ್ಗಿತು. ಎಂಟನೆಯದು ತಮ್ಮನದು. ಅದನ್ನು ಮಾತ್ರ ಬಿಗಿ ಮಾಡಬೇಕು. ಈ ತಿಂಗಳಲ್ಲಿ ಇದು ಎರಡನೇ ಸಲ... ಇವತ್ತಿನ್ನೂ ನಾಲ್ಕನೇ ತಾರೀಕು.

ಅವನ ಆಫೀಸಿಗೆ ಹೊಸ ಯಂತ್ರ ಬಂದಿದೆ. ಮನೆ, ಕಟ್ಟಡಗಳ ಪ್ಲಾನ್ ಬರೆದುಕೊಡುವ ಕಂಪನಿ ಅದು. ಯಂತ್ರವೆಂದರೆ ಒಂದು ಕಬ್ಬಿಣದ ಕೋಣೆ. ಒಳಗೆ ಮೇಜು, ದೀಪ, ಚಾಪೆ, ಮೂಲೆಯಲ್ಲಿ ಕಕ್ಕಸು. ಒಳಗೆ ಕೂತವನಿಗೆ ಪೂರ್ತಿ ಒಂದು ದಿನ ಕಳೆದರೆ ಹೊರಗೆ ಬರೀ ಒಂದು ಗಂಟೆ. ಕಂಪನಿಯ ಯಜಮಾನರು ಕಾಲವನ್ನೇ ಗೆದ್ದರೆಂದು ಆಫೀಸಲ್ಲಿ ಚಪ್ಪಾಳೆಯಂತೆ. ಗೆದ್ದವರು ಒಳಗೆ ಹೋಗಿ ಕೂರುವುದಿಲ್ಲ, ಅದು ಬೇರೆ ಮಾತು. ನಮ್ಮ ಮಹಾಶಯನೇ ಎಲ್ಲರಿಗಿಂತ ಮೊದಲು ಕೈ ಎತ್ತಿದ್ದು.

“ಅರ್ಜೆಂಟ್ ಕೆಲಸ ಎಲ್ಲಾ ನಂಗೇ ಕೊಡ್ತಾರೆ, ಗೊತ್ತಾ ಅಕ್ಕ?”

“ಸಂಬಳ ಯಾವ ಗಡಿಯಾರ ನೋಡ್ಕೊಂಡು ಕೊಡ್ತಾರೆ?”

ಹೊರಗಿನ ಗಡಿಯಾರವಂತೆ. ಓದಿಸಿದ್ದು ದಂಡ.

ಮಾರ್ಚ್ 6, ಗುರುವಾರ

ಬೆಳಿಗ್ಗೆ ನುಣ್ಣಗೆ ಶೇವ್ ಮಾಡಿಕೊಂಡು ಹೋದ. ಮಧ್ಯಾಹ್ನ ಊಟಕ್ಕೆ ನನ್ನ ಅಂಗಡಿಗೆ ಬಂದಾಗ ಮುಖದ ತುಂಬ ಕುರುಚಲು ಗಡ್ಡ. ಬೆಳಿಗ್ಗೆಯ ಜಗಳ ನನಗಿನ್ನೂ ಬಿಸಿ ಆರಿಲ್ಲ, ಅವನಿಗೆ ಅದು ಮೂರು ದಿನ ಹಳೆಯದು. “ಯಾವ ಜಗಳ?” ಅಂದ. ಇಂಥವನ ಜೊತೆ ಜಗಳವಾಡಿ ಏನು ಸುಖ?

ಮಾರ್ಚ್ 20, ಗುರುವಾರ

ಯಜಮಾನರೇ ಅಂಗಡಿಗೆ ದಯಮಾಡಿಸಿದ್ದರು. ಕೋಟು ಹೊಲಿಸಲು. ಅಳತೆ ಹಿಡಿದಾಗ ಹೊಟ್ಟೆ ಒಳಗೆಳೆದುಕೊಂಡರು. ಎಳೆದುಕೊಳ್ಳಲಿ. ಕೋಟು ತೊಟ್ಟ ಮೇಲೆ ಉಸಿರು ಬಿಡಲೇಬೇಕಲ್ಲ.

“ಒಳಗಿದ್ದೋರು ಸುಮ್‌ಸುಮ್ನೆ ಎದ್ದು ಹೊರಗೆ ಬಂದ್‌ಬಿಡ್ತಿದ್ರಮ್ಮ. ಅದಕ್ಕೇ ಚಿಲಕ ಹೊರಗಡೆ ಹಾಕ್ಸಿದೀನಿ. ಟೈಮಿಗೆ ಸರಿಯಾಗಿ ನಾನೇ ತೆಗೀತೀನಿ.”

“ಕೋಳಿಗೂಡಿಗೂ ಹೀಗೇ ಅಲ್ವಾ ಸಾರ್.”

ಹೊಟ್ಟೆ ಕುಲುಕಿಸಿ ನಕ್ಕರು. ತಮಾಷೆ ಅಂದುಕೊಂಡರು, ಪುಣ್ಯಾತ್ಮ.

ಏಪ್ರಿಲ್ 9, ಬುಧವಾರ

ತಮ್ಮನ ಕಿವಿಯ ಹತ್ತಿರ ಬಿಳಿ ಕೂದಲು ಕಂಡಿತು. ನನಗಿಂತ ಎರಡು ವರ್ಷ ಚಿಕ್ಕವನು. ಹೀಗೇ ಒಳಗೆ ಕೂರುತ್ತಿದ್ದರೆ ವರ್ಷ ತುಂಬುವುದರೊಳಗೆ ನನ್ನನ್ನು ದಾಟಿ ಮುಂದೆ ಹೋಗುತ್ತಾನೆ.

“ಇನ್ಮೇಲೆ ಅಣ್ಣ ಅಂತ ಕರೀಲೇನೋ?”

ನಗಲಿಲ್ಲ. “ಅಲ್ಲಿ ಒಬ್ನೇ ಇರ್ತೀನಕ್ಕ. ಫೋನಿಗೆ ಸಿಗ್ನಲ್ಲೂ ಸಿಗಲ್ಲ. ನಿನ್ನೆ ಗೋಡೆ ಹತ್ರ ಮಾತಾಡ್ದೆ,” ಅಂದ.

“ಹಂಗಿದ್ರೆ ಬಿಟ್ಟು ಬಾ. ನಿನ್ನ ಕಟ್ಟಿಹಾಕಿದಾರಾ?”

“ಈ ಆಸ್ಪತ್ರೆ ಪ್ಲಾನ್ ಒಂದು ಮುಗೀಲಿ.”

ಬಾಯಿಗೆ ಬಂದಂತೆ ಬೈದೆ. ಹೇಡಿ ಅಂದೆ, ಬಕೆಟ್ ಹಿಡಿಯುವವನು ಅಂದೆ. ಭಯ ಆದಾಗ ನನಗೆ ಬೈಗುಳವೇ ಬರುವುದು. ಭಯ ಆಗಿದೆ.

ಏಪ್ರಿಲ್ 12, ಶನಿವಾರ, ಸಂಜೆ 5

ಊಟಕ್ಕೆ ಬರಲಿಲ್ಲ. ಮುನಿಸಿಕೊಂಡಿದ್ದಾನೆ ಅಂದುಕೊಂಡೆ. ಇರಲಿ, ನಾನೇನು ಕಾಲು ಹಿಡಿಯಬೇಕಾ?

ಈಗ ಅವನ ಆಫೀಸಿನ ಕನ್ನಡಕದ ಹುಡುಗಿ ಬಂದಿದ್ದಳು, ರವಿಕೆ ತೆಗೆದುಕೊಂಡು ಹೋಗಲು.

“ನಿಮ್ಮ ತಮ್ಮ ಮನೇಲಿದಾರಾ? ಇವತ್ತು ಹನ್ನೆರಡಕ್ಕೇ ಆಫೀಸ್ ಮುಚ್ಚಿದ್ರು. ಯಜಮಾನ್ರಿಗೆ ಯಾವ್ದೋ ಮದುವೆ ಊಟ ಇತ್ತಂತೆ.”

“ಮನೇಲೆಲ್ಲಿ? ನಿಮ್ಮ ಜೊತೆ ಹೊರಡ್ಲಿಲ್ವಾ?”

“ಅವ್ರು ಹನ್ನೊಂದಕ್ಕೆ ಒಳಗೆ ಹೋದ್ರು... ಚಿಲಕ ಯಜಮಾನ್ರು ತೆಗ್ದಿರ್ತಾರೆ ಅಂತ ನಾವು...”

ಹನ್ನೊಂದರಿಂದ ಐದು. ಆರು ದಿನ. ಎರಡು ದಿನಕ್ಕಾಗುವಷ್ಟು ಬ್ರೆಡ್ಡು ನಾನೇ ಕಟ್ಟಿಕೊಟ್ಟಿದ್ದೆ. ನೀರು ಎರಡು ಬಾಟಲಿ.

5:35

ಯಜಮಾನರ ಮನೆ. ಹುಡುಗಿಯನ್ನು ಆಫೀಸಿನ ಬೀಗ ಒಡೆಯುವವನನ್ನು ಹುಡುಕಲು ಓಡಿಸಿ ನಾನಿಲ್ಲಿಗೆ ಬಂದೆ. ಮಲಗಿದ್ದರು. ಎಬ್ಬಿಸಿದ್ದಕ್ಕೆ ಅವರ ಹೆಂಡತಿಗೆ ಸಿಟ್ಟು. ಇವರು ಆಕಳಿಸುತ್ತಾ ಬಂದು, “ಅಯ್ಯೋ, ಮರ್ತೇಬಿಟ್ಟೆ ನೋಡಮ್ಮ. ಗಾಬರಿ ಆಗ್ಬೇಡ, ಅರ್ಧ ದಿನ ತಾನೆ? ಮುಖ ತೊಳ್ಕೊಂಡು ಬರ್ತೀನಿ. ಟೀ ಕುಡೀತೀಯಾ?” ಅಂದರು.

ಅರ್ಧ ದಿನವಂತೆ. ಕಾಲ ಗೆದ್ದ ವೀರ.

ಬೀಗದಕೈ ಕೊಡಿ, ನಾನೇ ಹೋಗುತ್ತೇನೆ ಅಂದೆ. ಹೊರಗಿನವರ ಕೈಗೆ ಕೊಡುವುದಿಲ್ಲವಂತೆ. ರೂಲ್ಸು. ಮುಖ ತೊಳೆದಾಯಿತು. ಅಂಗಿ ಬದಲಾಯಿಸಿದ್ದಾಯಿತು. ಈಗ ಕಾಲುಚೀಲ ಹುಡುಕುತ್ತಿದ್ದಾರೆ. ಒಂದು ಸಿಕ್ಕಿದೆ. ಇನ್ನೊಂದಕ್ಕೆ ಹೆಂಡತಿಯನ್ನು ಕೂಗುತ್ತಿದ್ದಾರೆ. ಕೈ ಸುಮ್ಮನಿದ್ದರೆ ಮೇಜಿನ ಮೇಲಿನ ಹೂದಾನಿ ಎತ್ತಿ ಇವರ ತಲೆಗೆ ಹಾಕುತ್ತೇನೆ, ಅದಕ್ಕೇ ಬರೆಯುತ್ತಿದ್ದೇನೆ. ನಾನು ಇಲ್ಲಿ ಕೂತ ಮೇಲೆ ಅವನಿಗೆ ಅಲ್ಲಿ ಒಂದಿಡೀ ರಾತ್ರಿ ಕಳೆದಿದೆ. ಬಾಗಿಲು ಬಡಿದು ಬಡಿದು ಸುಸ್ತಾಗಿರುತ್ತಾನೆ. ಅಕ್ಕ ಬರುತ್ತಾಳೆ ಎಂದು ಮೊದಲೆರಡು ದಿನವಾದರೂ ಅಂದುಕೊಂಡಿರುತ್ತಾನೆ. ಆಮೇಲೆ ಏನಂದುಕೊಂಡ—

ಇದೇನು ಮಾಡುತ್ತಿದ್ದೇನೆ ನಾನು? ಇಷ್ಟು ಬರೆಯಲು ಹಿಡಿದ ಐದು ನಿಮಿಷ ಅವನಿಗೆ ಎರಡು ಗಂಟೆ. ಸಾಕು ಇವರ ಕಾಲುಚೀಲ. ಕೊರಳಪಟ್ಟಿ ಹಿಡಿದು ಬರಿಗಾಲಲ್ಲೇ ಎಳೆದುಕೊಂಡು—