ಅಪರಾಧಿಯನ್ನು ಬದಲಿಸು

ಪೆರಂಬೂರು, ಚೆನ್ನೈ
11 ಆಗಸ್ಟ್ 2025, ಸೋಮವಾರ

ಮಗಳು ಸುಮತಿಗೆ,

ಆಶೀರ್ವಾದ ಯಾವತ್ತೂ ಇದೆ. ಕ್ಷೇಮ ಸಮಾಚಾರ ಈ ಸಲ ಬೇಡ. ಮೂರು ದಿನದಿಂದ ನೀನು ನನ್ನ ಫೋನ್ ಎತ್ತುತ್ತಿಲ್ಲ. ಅದಕ್ಕೇ ಮೈಸೂರಿಗೆ ಇದನ್ನು ಕೊರಿಯರ್ ಮಾಡುತ್ತಿದ್ದೇನೆ. ಬರುವ ಶುಕ್ರವಾರ ನಿನ್ನ ಧಾರಾವಾಹಿಯ ಕೊನೆಯ ಕಂತು ಮೊಬೈಲಿನಲ್ಲಿ ಬರುತ್ತದೆ. ಅದಕ್ಕೆ ಮೊದಲು ಇದನ್ನು ಓದಬೇಕು.

ಹೋದ ಶುಕ್ರವಾರದ ಕಂತನ್ನು ಅಕ್ಷರ ದೊಡ್ಡದು ಮಾಡಿಕೊಂಡು ಓದಿದೆ. ರೈಲ್ವೆ ವರ್ಕ್‌ಶಾಪಿನ ಎದುರು ಹೋಟೆಲು ನಡೆಸುವ ಅಪ್ಪ. ಹದಿನೇಳರ ಮಗಳ ಕಾದಂಬರಿಯನ್ನು ವಾರಪತ್ರಿಕೆಯವರು ಒಪ್ಪಿ, ಚಿಕ್ಕ ಹುಡುಗಿಯೆಂದು ತಂದೆಯ ಅನುಮತಿ ಕೇಳುತ್ತಾರೆ. ಅಪ್ಪ ಗುಟ್ಟಾಗಿ ಬೇಡವೆಂದು ಬರೆಯುತ್ತಾನೆ. ಏನೂ ತಿಳಿಯದ ಮಗಳು ಇಪ್ಪತ್ತು ವರ್ಷ ಪೆನ್ನು ಮುಟ್ಟುವುದಿಲ್ಲ. ಹೆಸರು ಬದಲಿಸಿದರೆ ಆಯಿತೆ? ಎಗ್ಮೋರಿನ ಹೋಟೆಲಿನ ತಿರುಮಲೇಶ ಬೆಳಿಗ್ಗೆಯೇ ಫೋನ್ ಮಾಡಿದ: "ಶೀನಣ್ಣ ದೇವ್ರಂಥ ಮನ್ಷ್ಯ ಅಂದ್ಕಂಡಿದ್ದೆ ಅತ್ಗೆ, ಒಳಗೆ ಹೀಂಗಾ?" ತೀರಿಕೊಂಡು ಆರು ವರ್ಷವಾದ ನಿನ್ನ ಅಪ್ಪನ ಬಗ್ಗೆ!

ಬೇಡವೆಂದು ಬರೆದ ಆ ಪತ್ರ ನಿನ್ನ ಕೈ ಸೇರಿದೆ. ಪತ್ರಿಕೆಯ ಹಳೆಯ ಕಡತವನ್ನು ಯಾರೋ ಕಳಿಸಿರಬೇಕು. 'ನಮ್ಮ ಮನೆಯ ಹೆಣ್ಣುಮಕ್ಕಳು ಕತೆ ಮಾರಿ ಉಣ್ಣಬೇಕಾಗಿಲ್ಲ' ಎಂಬ ವಾಕ್ಯ ನಿನ್ನ ಕಂತಿನಲ್ಲಿ ಹಾಗೆಯೇ ಇದೆ. ಕೆಳಗೆ ಕೆ. ಶೀನ ಎಂಬ ಸಹಿಯನ್ನು ನೋಡಿ ನಿರ್ಧಾರ ಮಾಡಿಬಿಟ್ಟೆ. ನನ್ನನ್ನು ಒಂದು ಮಾತು ಕೇಳಲಿಲ್ಲ.

ಜನಪ್ರಿಯ ಕಾದಂಬರಿ ಬರೆಯುವ ಸೂತ್ರಗಳೆಂದು ನೀನು ಆನ್‌ಲೈನಿನಲ್ಲಿ ಪಾಠ ಮಾಡಿದೆಯಲ್ಲ, ಅದರಲ್ಲಿ ಪ್ರಣಮ್ಯಾಳ ಹೆಸರಿನಲ್ಲಿ ಕೂತವಳು ನಾನು. ನಿನ್ನ ಅಣ್ಣನ ಮಗಳಿಗೆ ಕನ್ನಡ ಓದಲು ಬಾರದೆಂಬುದು ನಿನಗೆ ನೆನಪಾಗಲಿಲ್ಲವೆ? ಅವಳು ಫೋನ್ ಹಚ್ಚಿಕೊಟ್ಟು, "ಪಾಟಿ, ಕ್ಯಾಮೆರಾ ಆನ್ ಪಣ್ಣಾದೀಂಗ" ಎಂದು, ಕ್ಯಾಮೆರಾ ಹಾಕಬೇಡಿ ಅಜ್ಜಿ ಎಂದು ತಮಿಳಿನಲ್ಲಿ ಹೆದರಿಸಿ ಹೋಗುತ್ತಿದ್ದಳು. ಮುಖ ತೋರಿಸದೆ ಎಂಟೂ ಪಾಠ ಕೇಳಿದೆ. ಕಂತು ಬಾಗಿಲು ಬಡಿಯುವಲ್ಲಿ ನಿಲ್ಲಬೇಕು, ಅಳು ಹೆಚ್ಚಾದಾಗ ಒಂದು ನಗು ಹಾಕಬೇಕು, ಸರಿ, ಒಪ್ಪಿದೆ. ಆರನೆಯ ಪಾಠದಲ್ಲಿ ಅಪರಾಧಿ ಯಾರಾಗಬೇಕೆಂದು ಹೇಳಿದೆ: ಓದುಗರು ಶಂಕಿಸುವ ಬಿರುಸು ಬಾಯಿಯವಳಲ್ಲ, ಅವರು ಎಲ್ಲರಿಗಿಂತ ಹೆಚ್ಚು ಪ್ರೀತಿಸಿದವನು. ನಿನ್ನ ಕತೆಯಲ್ಲಿ ಬಿರುಸು ಬಾಯಿಯ ತಾಯಿಯೊಬ್ಬಳು ಮೊದಲ ಕಂತಿನಿಂದಲೂ ಇದ್ದಾಳೆ.

ನಿನ್ನ ಸೂತ್ರ ಇಲ್ಲಿ ತಪ್ಪಿತು ಸುಮತಿ. ಮಾಡಿದವಳು ಅವಳೇ.

ನಿನ್ನ ಅಪ್ಪನಿಗೆ ಓದು ಬರಹ ಬರುತ್ತಿರಲಿಲ್ಲ. ಈ ಒಂದು ಸಾಲು ಬರೆಯಲು ನನಗೆ ಇಡೀ ಬೆಳಗು ಬೇಕಾಯಿತು. ಗಲ್ಲಾದಲ್ಲಿ ಪೇಪರು ಹರಡಿಕೊಂಡು ಕೂರುತ್ತಿದ್ದರು, ಹೌದು. ಅದರ ಸುದ್ದಿಯನ್ನು ಬೆಳಿಗ್ಗೆ ಅಡುಗೆಮನೆಯಲ್ಲಿ ನಾನು ಓದಿ ಹೇಳಿರುತ್ತಿದ್ದೆ. ಎಸ್ಸೆಸ್ಸೆಲ್ಸಿ ಪಾಸಾದವಳೆಂದೇ ಕುಂದಾಪುರದಲ್ಲಿ ನನ್ನನ್ನು ಕೇಳಿಕೊಂಡು ಬಂದದ್ದು. ಹೋಟೆಲಿನ ಲೈಸೆನ್ಸಿನಿಂದ ಹಿಡಿದು ನಿನ್ನ ಪ್ರೋಗ್ರೆಸ್ ರಿಪೋರ್ಟಿನವರೆಗೆ ಕೆ. ಶೀನ ಎಂದು ಸಹಿ ಹಾಕಿದ್ದು ಈ ಕೈ. ಮಕ್ಕಳಿಗೆ ತಿಳಿಯಬಾರದೆಂದು ನಮ್ಮಿಬ್ಬರ ನಡುವೆ ಆಣೆಯಿತ್ತು. ಇವತ್ತು ಮುರಿದೆ.

ಹದಿನೇಳರಲ್ಲಿ ನೀನು ಬರೆದ ಆ ಕಾದಂಬರಿಯಲ್ಲಿ ಒಬ್ಬ ಹೋಟೆಲು ಯಜಮಾನ ಪೇಪರನ್ನು ತಲೆಕೆಳಗಾಗಿ ಹಿಡಿದು ಕೂರುತ್ತಾನೆ. ಸಪ್ಲೈಯರುಗಳು ಬೆನ್ನ ಹಿಂದೆ ನಗುತ್ತಾರೆ. ನಿನಗೇನೂ ಗೊತ್ತಿರಲಿಲ್ಲ, ನಗಿಸಲು ಬರೆದೆ. ಅದು ಅಚ್ಚಾದರೆ ಮದರಾಸಿನ ಕನ್ನಡ ಹೋಟೆಲಿನವರೆಲ್ಲ ಯಾರ ಮುಖ ನೋಡುತ್ತಿದ್ದರು? ನಿನ್ನ ಕಚ್ಚಾ ಪ್ರತಿ ಮನೆಯಲ್ಲಿತ್ತು. "ಓದ್ ಕಾಂಬ, ಮಗು ಎಂತ ಬರ್ದಿತ್" ಎಂದು ಅವರು ಕೂತಾಗ ಆ ಪುಟ ಹಾರಿಸಿ ಓದಿದೆ. ಮಾರನೆಯ ದಿನ ಪತ್ರಿಕೆಗೆ ಬೇಡವೆಂದು ಬರೆದೆ. ಅವರ ಮರ್ಯಾದೆಗಾಗಿ ಬರೆದೆ. ಕ್ಷಮೆ ಕೇಳುವವಳಲ್ಲ ನಾನು.

ಕೊನೆಯ ಕಂತಿನಲ್ಲಿ ಮಗಳು ಅಪ್ಪನ ಫೋಟೊವನ್ನು ಹೋಟೆಲಿನ ಗೋಡೆಯಿಂದ ಇಳಿಸುತ್ತಾಳೆಂದು ಪಾಠದಲ್ಲೇ ಹೇಳಿದ್ದೀ. ಇಳಿಸಬಾರದು. ಅಪರಾಧಿಯನ್ನು ಬದಲಿಸು. ತಾಯಿಯನ್ನು ಮನೆಯಿಂದ ಹೊರಗೆ ಹಾಕಿಸು, ನಾಲ್ಕು ಜನ ಉಗುಳಲಿ, ಬೇಕಾದರೆ ನನ್ನ ಹೆಸರನ್ನೇ ಇಡು. ಅವರಿಗೆ ಓದು ಬಾರದೆಂದು ಮಾತ್ರ ಬರೆಯಬೇಡ. ಬೇರೆ ಕಾರಣ ಹುಟ್ಟಿಸು. ಅದು ನಿನ್ನ ಕಸುಬು.

ನಿನ್ನ ತಾಯಿ, ಈ ಸಲ ಸ್ವಂತ ಹೆಸರಿನಲ್ಲಿ,
ರತ್ನಾವತಿ

ತಾ.ಕ.: ಅಂಟಿಸಿದ ಲಕೋಟೆಯನ್ನು ಮತ್ತೆ ಹರಿದೆ. ಆ ಪುಟವನ್ನು ನಾನು ಹಾರಿಸಲಿಲ್ಲ, ಓದಿದೆ. ನಿನ್ನ ಅಪ್ಪ ಕೆಮ್ಮು ಬರುವಷ್ಟು ನಕ್ಕರು. "ಇದ್ ನಾನೇ ಅಲ್ದಾ ಮಾರಾಯ್ತಿ! ಒಪ್ಗಿ ಬರ್ದ್ ಕೊಡ್, ಅಚ್ಚಾಯ್ಲಿ" ಎಂದರು. ಆಣೆ ಹಾಕಿಸಿದ್ದೂ ನಾನೇ, ನಾಚಿಕೆಯೂ ನನ್ನದೇ. ಒಪ್ಪಿಗೆ ಕಳಿಸಿದ್ದೇನೆಂದು ಸುಳ್ಳು ಹೇಳಿದೆ. ಅಚ್ಚಾದ ಮೇಲೇ ಮಗಳಿಗೆ ಹೇಳುವಾ ಎಂದು ಅವರ ಬಾಯಿ ಕಟ್ಟಿದೆ. ಪ್ರತಿ ಗುರುವಾರ ಪತ್ರಿಕೆ ತಂದು ನನ್ನ ಮುಂದಿಟ್ಟು, "ಮಗಿಂದ್ ಬಂತಾ ಕಾಣ್" ಎನ್ನುತ್ತಿದ್ದರು. ಇಲ್ಲವೆನ್ನುತ್ತಿದ್ದೆ. ಮೂರು ವರ್ಷ ತಂದರು.