ಕೊನೆಯ ಹಾಡಿನ ಉಸಿರು

ಲೇ ಗೊರಕೆ,

ನಮ್ಮ ರ‍್ಯಾಪ್ ಹಾಡುಗಳ ಮಿಕ್ಸ್‌ಟೇಪ್ ಬಿಟ್ಟು ಇಪ್ಪತ್ತು ದಿನವಾಯಿತು. ನಮ್ಮ ಅಂದೆನಾ? ನನ್ನ. "ಸದ್ದು ಜಾಸ್ತಿ, ಸರಕು ಕಮ್ಮಿ" ಅಂತ ಪತ್ರಿಕೆಯಲ್ಲೊಬ್ಬರು ಬರೆದರು. ಕೇಳುವವರು ಕೇಳುತ್ತಿದ್ದಾರೆ. ನನಗಂತೂ ನನ್ನ ದನಿ ಕೇಳಿದರೇ ಸುಸ್ತು.

ಇವತ್ತು ರೇಡಿಯೋದವರು ಕರೆಸಿದ್ದರು. ಹೊರಗಿನ ಸದ್ದು ಬೀಳದಿರಲಿ ಅಂತ ನಿಮ್ಮಕ್ಕನ ಬೀರುವಿನೊಳಗೆ, ಬಟ್ಟೆಗಳ ನಡುವೆ ಕೂತು ರೆಕಾರ್ಡ್ ಮಾಡಿದ್ದನ್ನು ಹೇಳಿದೆ. ಒಬ್ಬನೇ ಕೂತಿದ್ದವನ ಹಾಗೆ ಹೇಳಿದೆ. ನಿರೂಪಕಿ ಕೇಳಿದರು: "ಕೊನೇ ಹಾಡು ಮುಗಿಯೋವಾಗ ಯಾರೋ ಜೋರಾಗಿ ಉಸಿರು ಎಳ್ಕೊಳ್ತಾರಲ್ಲ, ಇನ್ನೇನು ಶುರು ಮಾಡ್ತಾರೆ ಅನ್ನೋವಷ್ಟರಲ್ಲಿ ಏನೂ ಇರಲ್ಲ. ಮೈ ಜುಂ ಅಂತು. ಅದು ಹೇಗೆ ಹೊಳೀತು?"

ನಿನ್ನ ರ‍್ಯಾಪ್ ಕತ್ತರಿಸುವಾಗ, ಆ ಹಾಡಿನ ಕೊನೆಗೆ ಬರುತ್ತಿದ್ದ ನಿನ್ನ ಮೊದಲ ಮಾತಿನಿಂದ ಕತ್ತರಿಸಿದ್ದೆ ಕಣೋ. ಅದರ ಹಿಂದಿನ ಉಸಿರು ಉಳಿದುಬಿಟ್ಟಿದೆ. "ಮೈಕನ್ನೇ ನುಂಗ್ತೀಯೇನೋ" ಅಂತ ನಾನು ಬೈಯುತ್ತಿದ್ದ ಅದೇ ಉಸಿರು. ಗೊರಕೆ ಅಂತ ಹೆಸರಿಟ್ಟಿದ್ದೂ ಅದಕ್ಕೇ.

"ಬೇಕಂತಲೇ ಬಿಟ್ಟಿದ್ದು ಮೇಡಂ" ಅಂದೆ.

ಮನೆಗೆ ಬಂದು ನಿನ್ನ ಸಾಲುಗಳನ್ನು ಹುಡುಕಿದೆ. ಇಬ್ಬರ ಹೆಸರಿದ್ದರೆ ಜನಕ್ಕೆ ಒಂದೂ ನೆನಪಿರುವುದಿಲ್ಲ ಅಂದುಕೊಂಡು ಆವತ್ತೇ ಪೂರ್ತಿ ಅಳಿಸಿದ್ದೆನಲ್ಲ, ಎಲ್ಲಿ ಸಿಗಬೇಕು? ಏನು ಹಾಡಿದ್ದೆ ನೀನು? ಟೇಪ್ ಕೇಳಿದ ದಿನ ಜಗಳವಾದರೂ ಆಡಬಹುದಿತ್ತು. ನೀನು ಸುಮ್ಮನೆ ನಂಬರ್ ಬದಲಾಯಿಸಿಬಿಟ್ಟೆ.

ನಾಡಿದ್ದು ಮೊದಲ ಸಲ ವೇದಿಕೆ ಹತ್ತುತ್ತೇನೆ. "ಕೊನೆಗೆ ಆ ಉಸಿರು ಮಾತ್ರ ಮರೀಬೇಡಿ ಸಾರ್" ಅಂದಿದ್ದಾರೆ ಆಯೋಜಕರು. ಸಂಜೆಯಿಂದ ಕನ್ನಡಿ ಮುಂದೆ ನಿಂತು ಎಳೆದು ಎಳೆದು ನೋಡುತ್ತಿದ್ದೇನೆ.

ನನಗೆ ಬರುತ್ತಿಲ್ಲ ಕಣೋ.