ರೇಸ್ ಪತ್ರಿಕೆಯ ಚರಿತ್ರೆ

ಸೋಮವಾರ, ೧೧ ಮಾರ್ಚ್

ಪ್ರೀತಿಯ ತಮ್ಮ ಗುಬ್ಬಿಗೆ,

ನಿನ್ನ ಎರಡು ಕಾಗದಗಳೂ ಬಂದು ತಿಂಗಳಾಯಿತು. ಉತ್ತರ ಬರೆಯದಿದ್ದಕ್ಕೆ ಬೈದುಕೋ, ಮುನಿಸಿಕೊಳ್ಳಬೇಡ. ಸೊಂಟದ ನೋವು ಹೇಗಿದೆ? ಹೊಸ ಊರುಗೋಲು ಒಗ್ಗಿತಾ? ಇಲ್ಲಿ ನಿನ್ನ ಅತ್ತಿಗೆ ಚೆನ್ನಾಗಿದ್ದಾಳೆ. ನನಗೆ ಕಣ್ಣು ಸೋತಿದೆ, ಅಷ್ಟೇ.

ನಮ್ಮ ರೇಸ್ ಪತ್ರಿಕೆ ಡಿಸೆಂಬರಿಗೆ ನಿಂತುಹೋಯಿತು. ಈಗ ಎಲ್ಲರೂ ಫೋನಿನಲ್ಲೇ ನೋಡಿಕೊಳ್ಳುತ್ತಾರೆ. ಮಾಲೀಕರು ಕರೆದು, "ಎಪ್ಪತ್ತು ವರ್ಷದ ಪತ್ರಿಕೆ, ಹೇಳದೆ ಕೇಳದೆ ಸಾಯೋದು ಬೇಡ. ಚರಿತ್ರೆ ಬರೆದುಕೊಡಿ, ಪುಸ್ತಕ ಮಾಡೋಣ. ನಿಮಗಿಂತ ಹಳಬರು ಯಾರಿದ್ದಾರೆ?" ಅಂದರು. ಹಳಬನಾಗಿರುವುದೂ ಒಂದು ಅರ್ಹತೆಯಾಯಿತು ನೋಡು.

ಅಂದಿನಿಂದ ಆಫೀಸಿನ ಹಿಂದಿನ ಕೋಣೆಯಲ್ಲಿ ಕೂತು ಹಳೆಯ ಸಂಪುಟಗಳ ಧೂಳು ಕುಡಿಯುತ್ತಿದ್ದೇನೆ. ಮೊದಲ ಸಂಚಿಕೆ ಒಂದೇ ಹಾಳೆ: ಕುದುರೆಯ ಹೆಸರು, ಹೊರುವ ತೂಕ, ಸವಾರನ ಅಂಗಿಯ ಬಣ್ಣ. ಮೈದಾನದ ಬಾಗಿಲಲ್ಲಿ ಕೂಗಿ ಮಾರುತ್ತಿದ್ದರಂತೆ. ಆಮೇಲೆ ಹಿಂದಿನ ಓಟಗಳ ಫಲಿತಾಂಶ ಸೇರಿತು, ಬೆಳಗಿನ ತಾಲೀಮಿನ ಸುದ್ದಿ ಸೇರಿತು, ಕೊನೆಗೆ ಗೆಲ್ಲುವ ಕುದುರೆ ಹೇಳುವ ನಮ್ಮಂಥ ಪಂಡಿತರೂ ಸೇರಿದೆವು. ಅಚ್ಚಿನ ಮೊಳೆ ಜೋಡಿಸುತ್ತಿದ್ದ ಅಜ್ಜ ಒಮ್ಮೆ ಮೂರು ವರ್ಷದ ಕುದುರೆಗೆ ಮೂವತ್ತು ವರ್ಷ ಅಂತ ಹಾಕಿದ್ದ, ನೆನಪಿದೆಯಾ? ಅದು ಗೆದ್ದೇಬಿಟ್ಟಿತು. ಬೈಯಲು ಹೋದರೆ, "ಹಿರೀಕರು ಅಂತ ಮಿಕ್ಕವು ದಾರಿ ಬಿಟ್ಟಿರ್ಬೇಕು ಬಿಡಿ ಸ್ವಾಮಿ" ಅಂದ.

ಓದುತ್ತಾ ಓದುತ್ತಾ ಜೀವ ದಣಿಯಿತು ಕಣೋ. ಕುದುರೆಗಳು ಬದಲಾಗಿವೆ, ಸವಾರರು ಬದಲಾಗಿದ್ದಾರೆ, ನನ್ನ ವಾಕ್ಯಗಳು ಮಾತ್ರ ಬದಲಾಗಿಲ್ಲ. "ಕುದುರೆಗಳೆಲ್ಲ ಲಾಯ ಸೇರಿದ್ವು, ನೀವೊಬ್ರೇ ಇನ್ನೂ ಓಡ್ತಿದೀರಿ" ಅನ್ನುತ್ತಾಳೆ ನಿನ್ನ ಅತ್ತಿಗೆ. ನಿನ್ನೆ ಬರೆದು ಮುಗಿಸಿದೆ. ಖುಷಿಯಾಗಬೇಕಿತ್ತು, ಸುಸ್ತಾಗಿದೆ.

ನಿನಗೂ ನಿನ್ನ ಮನೆಯವಳಿಗೂ ತಣ್ಣಗಿನ ದಿನಗಳು ಸಿಗಲಿ. ಮೊಮ್ಮಗಳ ತಲೆ ಸವರಿ ನನ್ನ ಆಶೀರ್ವಾದ ಹೇಳು.

ನಿನ್ನ ಅಣ್ಣ

ಮರೆತ ಮಾತು: ಮರೆತದ್ದಲ್ಲ, ಪೆನ್ನು ಸುತ್ತಿ ಬಳಸಿ ಈಗ ಇಲ್ಲಿಗೆ ಬಂತು. ನೀನು ಕುದುರೆಯಿಂದ ಬಿದ್ದ ಓಟದ ಹಿಂದಿನ ವಾರ ಪತ್ರಿಕೆಯಲ್ಲಿ ನಿನ್ನ ಬಗ್ಗೆ, "ಈ ಸವಾರ ಸಂದಿ ಕಂಡರೆ ಲಗಾಮು ಎಳೆಯುತ್ತಾನೆ, ಎದೆಗಾರಿಕೆ ಸಾಲದು" ಎಂಬ ಸಾಲು ಬರೆದವನ ಹೆಸರಿಲ್ಲದೆ ಬಂದಿತ್ತಲ್ಲ. ಅದಕ್ಕೇ ಅಲ್ಲವೇ ಅಂದು ನೀನು ಎರಡು ಕುದುರೆಗಳ ನಡುವೆ ನುಗ್ಗಿದ್ದು? ಆಸ್ಪತ್ರೆಯಲ್ಲಿ, "ಅದನ್ನ ಬರ್ದೋನು ಸಿಗಲಿ ಅಣ್ಣಾ, ಕೈ ಮುರೀತೀನಿ" ಅಂದೆ. ಬರೆದವನು ಪಕ್ಕದಲ್ಲೇ ಕೂತು ನಿನಗೆ ನೀರು ಕುಡಿಸುತ್ತಿದ್ದ. ತಮ್ಮನ ಪಕ್ಷ ವಹಿಸುತ್ತಾನೆ ಅಂತ ಯಾರೂ ಆಡಿಕೊಳ್ಳಬಾರದೆಂದು ಬರೆದೆ. ಇಪ್ಪತ್ತೇಳು ವರ್ಷ ಬಾಯಿ ಬಿಡಲಿಲ್ಲ. ಪುಸ್ತಕದಲ್ಲಿ ಆ ಸಾಲನ್ನೂ ಅದರ ಕೆಳಗೆ ನನ್ನ ಹೆಸರನ್ನೂ ಹಾಕಿದ್ದೇನೆ. ಅಚ್ಚಾಗುವ ಮೊದಲೇ ನಿನಗೆ ತಿಳಿಯಲಿ. ಭಾನುವಾರ ಬೆಳಗಿನ ಬಸ್ಸಿಗೆ ಬರುತ್ತೇನೆ. ನೀನು ಬಾಗಿಲು ತೆಗೆಯದಿದ್ದರೂ ಸರಿ, ಮೆಟ್ಟಿಲ ಮೇಲೆ ಸ್ವಲ್ಪ ಹೊತ್ತು ಕೂತು ಹೋಗುತ್ತೇನೆ.